ಜಗಲಿಗೆ ಬಂದ ಹಿಂದಿನ ಸೀಟು

ನಮ್ಮ ಮನೆಗೆ ಮೊದಲ ಸಲ ಬಂದವರು ಜಗಲಿ ಹತ್ತುತ್ತಲೇ ಸ್ವಲ್ಪ ತಡವರಿಸುತ್ತಾರೆ. ಅಲ್ಲಿರುವುದು ಸೋಫಾ ಎಂದುಕೊಂಡು ಹತ್ತಿರ ಹೋದರೆ ಅದು ಕಾರಿನ ಹಿಂದಿನ ಸೀಟು. ಆ ಸೀಟಿನ ಮೇಲೆ ನಮ್ಮ ಮಾವನವರು ಕೂತಿರುತ್ತಾರೆ, ಸೀಟ್ ಬೆಲ್ಟ್ ಹಾಕಿಕೊಂಡು. ಬೆಲ್ಟಿನ ಮೇಲ್ತುದಿಯನ್ನು ಜಗಲಿಯ ಕಂಬಕ್ಕೆ ಬೋಲ್ಟ್ ಹಾಕಿ ಬಿಗಿಯಲಾಗಿದೆ. ಹೊಳೆನರಸೀಪುರದಲ್ಲಿರುವ ಈ ಮನೆ ನಾನು ಸೊಸೆಯಾಗಿ ಬಂದಾಗಿನಿಂದ ಒಂದಿಂಚೂ ಅತ್ತಿತ್ತ ಸರಿದದ್ದನ್ನು ಕಂಡಿಲ್ಲ. ಆದರೂ ಮಾವ ಸಂಜೆ ಬಂದು ಕೂತವರೇ ಬೆಲ್ಟ್ ಎಳೆದು ಕ್ಲಿಕ್ ಅನ್ನಿಸುತ್ತಾರೆ, ಆಮೇಲೆಯೇ ಕಾಫಿ ಲೋಟಕ್ಕೆ ಕೈ ಚಾಚುವುದು.

ಬಂದವರಲ್ಲಿ ಮರ್ಯಾದಸ್ಥರು ಏನನ್ನೂ ಕೇಳುವುದಿಲ್ಲ. ಕಾಫಿ ಕುಡಿದು, ಕಂಬವನ್ನೊಮ್ಮೆ ನೋಡಿ, ನನ್ನನ್ನೊಮ್ಮೆ ನೋಡಿ ಎದ್ದು ಹೋಗುತ್ತಾರೆ. ಪಾಪ, ವಯಸ್ಸಾಯಿತಲ್ಲ ಎಂದು ಗೇಟಿನ ಹತ್ತಿರ ಗೊಣಗುವುದು ನನಗೆ ಕೇಳಿಸಿದೆ. ನೀವು ಹಾಗೆ ಎದ್ದು ಹೋಗುವ ಪೈಕಿ ಅಲ್ಲ ಎಂದು ನಂಬಿ ಹೇಳುತ್ತಿದ್ದೇನೆ. ಆ ಬೆಲ್ಟಿಗೂ ಮಾವನ ವಯಸ್ಸಿಗೂ ಸಂಬಂಧವಿಲ್ಲ, ಅದಕ್ಕೆ ಸಂಬಂಧವಿರುವುದು ನನ್ನ ಬಲಗಾಲಿಗೆ.

ನನ್ನ ತವರು ರುದ್ರಪಟ್ಟಣ. ಸಂಗೀತದ ಊರು ಎಂದು ನಿಮಗೂ ಗೊತ್ತು. ನಮ್ಮ ಮನೆಯಲ್ಲಿ ಹಾಡುವವರು ಯಾರೂ ಇರಲಿಲ್ಲ, ಆದರೆ ಆ ಊರಿನಲ್ಲಿ ಕಿವಿಯನ್ನು ಸುಮ್ಮನೆ ಬಿಡುವ ಹಾಗೂ ಇರಲಿಲ್ಲ. ಹಿಟ್ಟಿನ ಗಿರಣಿ ಶುರುವಾದರೆ ಪಕ್ಕದ ಮನೆಯ ಅಜ್ಜಿ ಅದರ ಶ್ರುತಿ ಇವತ್ತು ಇಳಿದಿದೆ ಎನ್ನುತ್ತಿದ್ದರು. ಬೆಲ್ಟ್ ಸಡಿಲವಾಗಿದೆ ಎಂದು ಗಿರಣಿಯವನು ಆಮೇಲೆ ಕಂಡುಕೊಳ್ಳುತ್ತಿದ್ದ. ನಾನು ಕಲಿತ ಸಂಗೀತ ಇಷ್ಟೇ.

ನಮ್ಮಪ್ಪನ ಹತ್ತಿರ ಒಂದು ಸ್ಕೂಟರ್ ಇತ್ತು. ಅವರು ಅದನ್ನು ಓಡಿಸುತ್ತಿದ್ದರು ಎನ್ನುವುದಕ್ಕಿಂತ ಜೊತೆಗೆ ಕರೆದುಕೊಂಡು ಹೋಗುತ್ತಿದ್ದರು ಎಂದರೆ ಸರಿ. ದಾರಿಯಲ್ಲಿ ಎದುರಾದವರನ್ನು ಕುಶಲ ಕೇಳಿ, ಅವರು ಮನೆಮಂದಿಯ ಕಾಯಿಲೆಗಳನ್ನೆಲ್ಲ ಹೇಳಿ ಮುಗಿಸುವವರೆಗೂ ಸ್ಕೂಟರ್ ಅವರನ್ನು ದಾಟಿರುತ್ತಿರಲಿಲ್ಲ. ಮುಂದೆ ನಿಂತ ನಾನು ಹ್ಯಾಂಡಲ್ ಹಿಡಿದುಕೊಂಡು, ಗಾಳಿ ಮುಖಕ್ಕೆ ಹೊಡೆದಂತಿರಲಿ ಎಂದು ಬಾಯಿಂದಲೇ ಗಾಳಿ ಸದ್ದು ಮಾಡಿಕೊಳ್ಳುತ್ತಿದ್ದೆ. ಮುಂದೆ ಹೈಸ್ಕೂಲಿನಲ್ಲಿ ಗಣಿತದ ಮೇಡಂ ಆದೆ. ಎರಡು ರೈಲುಗಳು ಎದುರುಬದುರು ಧಾವಿಸಿ ಬಂದು ಎಲ್ಲಿ ಸಂಧಿಸುತ್ತವೆ ಎಂದು ವರ್ಷ ವರ್ಷ ಬೋರ್ಡಿನ ಮೇಲೆ ಬಿಡಿಸಿದೆ. ನಾನು ಮಾತ್ರ ಎಲ್ಲಿಗೂ ಧಾವಿಸಿದವಳಲ್ಲ.

ಹೀಗಿದ್ದ ನನಗೆ ಲೋಕೇಶ ಸಿಕ್ಕಿದ. ಸಿಕ್ಕಿದ ಎಂದರೆ ಮದುವೆಯ ಜೊತೆಗೇ ಬಂದ, ನನ್ನ ಯಜಮಾನರ ತಮ್ಮ. ಹಾಸನದಲ್ಲಿ ಐಟಿಐ ಓದಿ ಬಂದವನು. ಮನೆಯ ಮಿಕ್ಸಿ, ನೀರಿನ ಮೋಟಾರು, ಅಕ್ಕಪಕ್ಕದವರ ಟಿಲ್ಲರು, ಯಾವುದನ್ನೂ ಅವನು ಬಿಚ್ಚದೆ ಬಿಟ್ಟಿಲ್ಲ. ಬಹುಪಾಲು ವಾಪಸು ಜೋಡಿಸಿದ್ದಾನೆ. ಅವನಿಗೊಂದು ಗ್ಯಾರೇಜ್ ಬೇಕಾಗಿತ್ತು. ಮನೆಯ ಹಿಂದೆ, ರಸ್ತೆಗೆ ಬಾಗಿಲಿರುವ ಹಳೆಯ ಗೋಡೌನ್ ಖಾಲಿ ಬಿದ್ದಿತ್ತು. ಅದು ಮಾವನದು. ಮಾವ ತೆಂಗಿನಕಾಯಿ ವ್ಯಾಪಾರಿ, ಕಾಯಿ ತುಂಬಿಸಿ ಲೋಡು ಕಳಿಸುವುದರಲ್ಲೇ ತಲೆಗೂದಲು ಬಿಳಿಯಾದವರು. ಆ ಗೋಡೌನನ್ನು ಬಾಡಿಗೆಗೆ ಕೊಡಿ ಎಂದು ಶಾಮಿಯಾನದವನೊಬ್ಬ ದಿನವೂ ಬಂದು ಕೂರುತ್ತಿದ್ದ. ನನ್ನ ಯಜಮಾನರಿಗೆ ಕಾರು ಎಂದರೇ ತಲೆ ಸುತ್ತು, ಬಸ್ಸಿನಲ್ಲಿ ಕಿಟಕಿ ಪಕ್ಕ ಸಿಕ್ಕರೆ ಅವರಿಗೆ ಸಾಕು. ಆದ್ದರಿಂದ ಅವರು ಈ ಕಥೆಯಲ್ಲಿ ಇನ್ನು ಬರುವುದಿಲ್ಲ.

ಚನ್ನರಾಯಪಟ್ಟಣದ ಹತ್ತಿರ ರಾಗಿ ಕೊಯ್ಲು ಮುಗಿದ ಮೇಲೆ ಒಂದು ಹೊಲದಲ್ಲಿ ಕಾರಿನ ಹುಚ್ಚಿನವರು ಸೇರುತ್ತಾರೆ. ಸುಣ್ಣದಲ್ಲಿ ಗೆರೆ ಎಳೆದು, ಮೂಲೆ ಮೂಲೆಗೆ ಹಳೆ ಟಯರು ಇಟ್ಟು, ಒಂದೊಂದೇ ಕಾರನ್ನು ಬಿಟ್ಟು ಯಾರು ಬೇಗ ಸುತ್ತಿ ಬಂದರೆಂದು ನೋಡುವ ಪಂದ್ಯ. ಹಳೆಯ ಸಣ್ಣ ಕಾರನ್ನು ಕಡಿಮೆ ಖರ್ಚಿನಲ್ಲಿ ಎಬ್ಬಿಸಿ ನಿಲ್ಲಿಸಿ ಅಲ್ಲಿ ಓಡಿಸುತ್ತೇನೆ, ಆಗ ನನ್ನ ಕೆಲಸ ಏನೆಂದು ಊರಿಗೇ ಗೊತ್ತಾಗುತ್ತದೆ ಎಂದು ಲೋಕೇಶ ಊಟಕ್ಕೆ ಕೂತಾಗ ಹೇಳಿದ. ಮಾವ ಮುದ್ದೆ ಮುರಿಯುತ್ತಾ ಕೇಳಿಸಿಕೊಂಡರು.

"ಒಂದ್ ಕಪ್ ತಕಂಡ್ ಬಾ ನೋಡನ," ಎಂದರು. "ತಂದ್ರೆ ಗೋಡೌನ್ ನಿಂದು. ತರ್ಲಿಲ್ಲ ಅಂದ್ರೆ ಶಾಮಿಯಾನದೋನ್ಗೆ ಕೊಡ್ತೀನಿ. ಆಮ್ಯಾಕೆ ಗ್ಯಾರೇಜು ಗೀರೇಜು ಅಂತ ನನ್ ಮುಂದೆ ಉಸ್ರೆತ್ತಂಗಿಲ್ಲ."

ಲೋಕೇಶ ಆಗಲಿ ಎಂದ. ಮಾರನೆಯ ದಿನವೇ ತನ್ನ ಬೈಕು ಮಾರಿದ.

ಕಾರು ಸಿಕ್ಕಿದ್ದು ಅರಕಲಗೂಡಿನಲ್ಲಿ, ನಿವೃತ್ತರಾದ ಒಬ್ಬ ಪಶುವೈದ್ಯರ ಹಿತ್ತಲಿನಲ್ಲಿ. ಹುಣಸೆ ಮರದ ಕೆಳಗೆ ಎಷ್ಟು ಕಾಲದಿಂದ ನಿಂತಿತ್ತೋ, ಅದರ ಬಣ್ಣ ಯಾವುದೆಂಬ ವಿಷಯದಲ್ಲಿ ಡಾಕ್ಟರಿಗೂ ಅವರ ಹೆಂಡತಿಗೂ ಒಮ್ಮತವಿರಲಿಲ್ಲ. ಬಾಗಿಲು ತೆಗೆದಾಗ ಡ್ರೈವರ್ ಸೀಟಿನಲ್ಲಿ ಕೋಳಿಯೊಂದು ಕಾವಿಗೆ ಕೂತಿತ್ತು. ಮರಿ ಆಗುವವರೆಗೂ ಕಾರು ಕೊಡಲಾಗುವುದಿಲ್ಲ ಎಂದು ಡಾಕ್ಟರು ಖಡಾಖಂಡಿತವಾಗಿ ಹೇಳಿದರು. ವೃತ್ತಿಧರ್ಮ ಅವರದು. ಹೀಗಾಗಿ ನಮ್ಮ ರೇಸಿನ ಕಾರು ಮೊದಲು ಕೋಳಿಮರಿಗಳ ಬಾಣಂತನ ಮುಗಿಸಿಕೊಂಡು, ಆಮೇಲೆ ಟ್ರ್ಯಾಕ್ಟರಿನ ಹಿಂದೆ ಹಗ್ಗ ಕಟ್ಟಿಸಿಕೊಂಡು ಹೊಳೆನರಸೀಪುರಕ್ಕೆ ಬಂತು. ನೋಡಿದ ಮಾವ, ಇದಕ್ಕೆ ಹಿಂದೆ ಡಿಕ್ಕಿಯೇ ಇಲ್ಲವಲ್ಲ, ಅರ್ಧಕ್ಕೇ ಯಾರೋ ಕೊಯ್ದಿದ್ದಾರೆ ಎಂದು ಒಳಗೆ ಹೋದರು.

ಕಾರು ಬೇಗ ಓಡಬೇಕಾದರೆ ಎರಡು ದಾರಿ, ಅತ್ತಿಗೆ, ಎಂದು ಲೋಕೇಶ ನನಗೆ ಪಾಠ ಹೇಳಿದ. ಎಂಜಿನ್ನಿನ ಶಕ್ತಿ ಹೆಚ್ಚಿಸಬೇಕು, ಇಲ್ಲವೇ ಕಾರಿನ ಭಾರ ಇಳಿಸಬೇಕು. ಮೊದಲನೆಯದಕ್ಕೆ ದುಡ್ಡು ಬೇಕು, ಎರಡನೆಯದಕ್ಕೆ ಸ್ಪ್ಯಾನರ್ ಸಾಕು. ಹಾಗೆಂದು ಎಂಜಿನ್ನನ್ನು ಅವನು ಕಡೆಗಣಿಸಲಿಲ್ಲ. ಅದನ್ನು ಪೂರ್ತಿ ಬಿಚ್ಚಿ, ಜಗಲಿ ತುಂಬ ಹರಡಿ, ಸೀಮೆಎಣ್ಣೆಯಲ್ಲಿ ತೊಳೆದ. ಗಾಳಿ ಎಳೆಯುವ ಕೊಳವೆಗೆ ತೋಟದ ನೀರಾವರಿ ಪೈಪಿನ ತುಂಡು ಹಾಕಿದ. ಹಾಸನದ ಗುಜರಿಯಿಂದ ಯಾವುದೋ ದೊಡ್ಡ ಗಾಡಿಯ ಸೈಲೆನ್ಸರ್ ತಂದು ಬೆಸೆದ. ಮೊದಲ ಸಲ ಸ್ಟಾರ್ಟ್ ಮಾಡಿ, ಹೆಂಗದೆ ಅತ್ಗೆ ಸೌಂಡು ಎಂದು ಕೇಳಿದಾಗ ರುದ್ರಪಟ್ಟಣದವಳು ತಡೆದುಕೊಳ್ಳಲಾಗದೆ ಶ್ರುತಿ ಸ್ವಲ್ಪ ಇಳಿದಿದೆ ಎಂದೆ. ಅವನು ಪೈಪನ್ನು ಕತ್ತರಿಸಿ ಗಿಡ್ಡ ಮಾಡಿದ. ಸರಿಹೋಯಿತು. ಬೀದಿಯವರಿಗೆ ಮಾತ್ರ ಸರಿಹೋಗಲಿಲ್ಲ.

ಆಮೇಲೆ ಭಾರ ಇಳಿಸುವ ಕೆಲಸ. ಸ್ಟೆಪ್ನಿ ತೆಗೆದ. ನೆಲದ ಮ್ಯಾಟು, ಬಾಗಿಲ ಒಳಗಿನ ಹಲಗೆ, ರೇಡಿಯೋ ಇದ್ದ ಜಾಗದ ಪೆಟ್ಟಿಗೆ, ಎಲ್ಲ ತೆಗೆದ. ಕಡೆಗೆ ಹಿಂದಿನ ಸೀಟನ್ನು ಬಿಚ್ಚಿ ಅಂಗಳಕ್ಕೆ ಎಸೆದ. ನಮ್ಮ ಅತ್ತೆ ಅದನ್ನು ತಟ್ಟಿ ನೋಡಿ, ಬಿಸಿಲಿಗೆ ಹಾಕಿ, ಹಳೆ ಸೀರೆ ಹೊದಿಸಿ ಜಗಲಿಗೆ ತಂದಿಟ್ಟರು. ಸೀಟಿಗೂ ಒಳ್ಳೆ ಜಾಗ ಸಿಕ್ಕಿತು, ಮನೆಗೂ ಒಂದು ಸೋಫಾ ಸಿಕ್ಕಿತು ಎಂದು ಎಲ್ಲರಿಗೂ ಸಮಾಧಾನ. ಹಿಂದೆ ಈಗ ಬರೀ ತಗಡಿನ ನೆಲ, ಬೋಲ್ಟು ಹಾಕುವ ಕೊಂಡಿಗಳು, ಮತ್ತು ಬೇಕಾದಷ್ಟು ಜಾಗ.

ಆ ಜಾಗವೇ ನಮಗೆ ಮುಳುವಾಯಿತು. ನಮ್ಮ ಕಡೆ ಖಾಲಿ ಗಾಡಿ ಎಂಬ ಒಂದು ವಸ್ತು ಇರುವಂತಿಲ್ಲ. ಇದನ್ನು ಬೇರೆ ಊರಿನವರಿಗೆ ತಿಳಿಸಿ ಹೇಳುವುದು ಕಷ್ಟ. ಒಬ್ಬರು ಹಾಸನದ ಕಡೆ ಹೊರಟಿದ್ದಾರೆ ಎಂದರೆ ಅವರ ಗಾಡಿಯಲ್ಲಿ ಹಾಸನಕ್ಕೆ ಹೋಗಬೇಕಾದ್ದೆಲ್ಲ ಹೋಗಬೇಕು. ಇಲ್ಲವೆಂದರೆ ಗಾಡಿ ಬಂದ ಮೇಲೆ ದುರಹಂಕಾರವೂ ಬಂತು ಎಂದಾಗುತ್ತದೆ. ಕಾರು ಓಡಾಡುವ ಸ್ಥಿತಿಗೆ ಬಂದ ಕೂಡಲೇ ಲೋಕೇಶ ಅದನ್ನು ನನ್ನ ಕೈಗೆ ಕೊಟ್ಟ. ಹೊಳೆನರಸೀಪುರದಿಂದ ಅರಕಲಗೂಡಿನ ದಾರಿಯಲ್ಲಿರುವ ನನ್ನ ಸ್ಕೂಲಿಗೆ ದಿನವೂ ಅದರಲ್ಲೇ ಹೋಗಿ ಬರಬೇಕು, ಕಾರು ಹದಕ್ಕೆ ಬರಬೇಕು ಎಂದು. ಮೊದಲ ದಿನ ಬೆಳಿಗ್ಗೆ ನೋಡಿದರೆ ಹಿಂದೆ ಎರಡು ಮೂಟೆ ತೆಂಗಿನಕಾಯಿ ಕೂತಿತ್ತು. ಅತ್ತೆ ಹಾಕಿಸಿದ್ದು. ಹೋಗುವ ದಾರಿಯಲ್ಲೇ ತಮ್ಮ ತಂಗಿಯ ಮನೆ ಇದೆಯಲ್ಲ, ಸುಮ್ಮನೆ ಯಾಕೆ ಖಾಲಿ ಹೋಗುವುದು ಎಂದರು. ಆ ತಂಗಿಯ ಮನೆಗೆ ತೆಂಗಿನ ತೋಟವಿದೆ. ಸಂಜೆ ಆಕೆ ತಮ್ಮ ತೋಟದ ಎರಡು ಮೂಟೆ ತುಂಬಿ ಕಳಿಸಿದರು, ಅಕ್ಕನ ಕಾರು ಖಾಲಿ ವಾಪಸು ಹೋಗಬಾರದಲ್ಲ.

ಹೀಗೆ ತಿಂಗಳುಗಟ್ಟಲೆ ನಾನು ಅತ್ತಲಿಂದ ಇತ್ತ, ಇತ್ತಲಿಂದ ಅತ್ತ ತೆಂಗಿನಕಾಯಿಗಳನ್ನು ತಿರುಗಾಡಿಸಿದೆ. ಕೆಲವು ಕಾಯಿಗಳ ಪರಿಚಯವೇ ಆಗಿತ್ತು. ಅದರ ಮೇಲೆ ದಾರಿಯಲ್ಲಿ ಕೈ ಎತ್ತಿದವರು. ಗೊಬ್ಬರದ ಚೀಲ, ಕೋಳಿ, ಹಾಲಿನ ಕ್ಯಾನು, ಸೊಸೆಯ ಮೇಲೆ ಕೋಪಿಸಿಕೊಂಡು ಮಗಳ ಮನೆಗೆ ಹೊರಟ ಅಜ್ಜಿ, ಎಲ್ಲರೂ ಮೂಟೆಯ ಮೇಲೇ ಕೂತು ಬಂದರು. ಮೊದಮೊದಲು ಕೈ ಎತ್ತಿದವರನ್ನು ನೋಡಿ, ಯೋಚಿಸಿ, ಆಮೇಲೆ ನಿಲ್ಲಿಸುತ್ತಿದ್ದೆ. ಬರುಬರುತ್ತಾ ಯೋಚನೆ ಉದುರಿಹೋಯಿತು. ರಸ್ತೆ ಬದಿಯಲ್ಲಿ ಒಂದು ಕೈ ಮೇಲೆದ್ದರೆ ನನ್ನ ಬಲಗಾಲು ನನ್ನನ್ನು ಕೇಳದೆ ಬ್ರೇಕಿಗೆ ಹೋಗುತ್ತಿತ್ತು. ಬಾಗಿಲ ಹಿಡಿ ಸರಿಯಾಗಿ ಅವರ ಕೈಗೆ ಸಿಗುವ ಹಾಗೆ ನಿಲ್ಲಿಸುವುದರಲ್ಲಿ ನನ್ನನ್ನು ಮೀರಿಸುವವರು ಆ ದಾರಿಯಲ್ಲಿ ಇರಲಿಲ್ಲ. ಅದನ್ನು ಆಗ ಒಂದು ಜಂಬವೆಂದೇ ಇಟ್ಟುಕೊಂಡಿದ್ದೆ.

ಕಾರಿನ ಹಿಂಭಾಗ ಕುಸಿಯುತ್ತಿದೆ ಎಂದು ಲೋಕೇಶನ ಕಣ್ಣಿಗೆ ಬಿತ್ತು. ಹಳೇ ಸ್ಪ್ರಿಂಗು, ದಣಿದಿದೆ ಎಂದು ತೀರ್ಮಾನಿಸಿ ಸಾಮಾನು ಸಾಗಿಸುವ ವ್ಯಾನಿನ ದಪ್ಪ ಸ್ಪ್ರಿಂಗ್ ತಂದು ಹಾಕಿದ. ಕಾರು ಸಮವಾಗಿ ನಿಂತಿತು. ಮೂಟೆಗಳು ಒಳಗೇ ಇದ್ದವು. ಅವು ಒಳಗಿವೆ ಎಂಬುದು ಅವನಿಗಾಗಲಿ ನನಗಾಗಲಿ ಕಾಣುತ್ತಲೇ ಇರಲಿಲ್ಲ, ನಮ್ಮ ಮನೆಯಲ್ಲಿ ತೆಂಗಿನಕಾಯಿ ಕಾಣುವುದು ಅಂದರೆ ಗೋಡೆ ಕಂಡ ಹಾಗೆ.

ಪಂದ್ಯದಲ್ಲಿ ಓಡಿಸುವುದು ನಾನೇ ಎಂದು ಅಷ್ಟರಲ್ಲಿ ಗಟ್ಟಿಯಾಗಿತ್ತು. ಲೋಕೇಶನಿಗೆ ಕಾರು ಕಟ್ಟಲು ಬರುತ್ತದೆ, ಓಡಿಸಲು ಬರುವುದಿಲ್ಲ. ಬರುವುದಿಲ್ಲ ಎಂದಲ್ಲ, ಎಲ್ಲಿ ಏನು ಸದ್ದು ಬಂದರೂ ನಿಲ್ಲಿಸಿ, ಇಳಿದು, ಕಿವಿಯಿಟ್ಟು ಕೇಳುತ್ತಾನೆ. ಪೇಟೆಯಿಂದ ಬಸ್ ಸ್ಟ್ಯಾಂಡಿಗೆ ಹೋಗುವುದಕ್ಕೆ ಅವನ ಜೊತೆ ಕಾರಿನಲ್ಲಿ ಹೊರಟವರು ಇಳಿದು ನಡೆದು ಮೊದಲೇ ತಲುಪಿದ್ದಾರೆ.

ಪಂದ್ಯದ ದಿನ ಬೆಳಿಗ್ಗೆ ಮಾವ ಪಂಚೆ ಉಟ್ಟು, ಟವೆಲ್ ಹೆಗಲಿಗೆ ಹಾಕಿ ಮುಂದಿನ ಸೀಟಿನಲ್ಲಿ ಕೂತಿದ್ದರು. ಪಂದ್ಯ ನೋಡಲಿಕ್ಕಲ್ಲ, ಜಿನನಾಥಪುರದಲ್ಲಿ ನನ್ನ ತಂಗಿ ಇದ್ದಾಳೆ, ನೋಡಿ ಬಹಳ ದಿನವಾಯಿತು ಎಂದರು. ಹಿಂದೆ ನಾಲ್ಕು ಮೂಟೆ ಕಾಯಿ, ಅದರ ಮೇಲೆ ತಲೆ ಬಗ್ಗಿಸಿಕೊಂಡು ಲೋಕೇಶ. ಚನ್ನರಾಯಪಟ್ಟಣದ ಸೀಮೆಗೆ ತೆಂಗಿನಕಾಯಿ ತೆಗೆದುಕೊಂಡು ಹೋಗುತ್ತಿರುವ ಗಾಡಿ ಅವತ್ತು ನಮ್ಮದೊಂದೇ ಇದ್ದಿರಬೇಕು. ಅಲ್ಲಿಂದ ಲಾರಿಗಟ್ಟಲೆ ಹೊರಗೆ ಹೋಗುತ್ತಿದ್ದವು. ಆದರೆ ತಂಗಿಯ ಮನೆಗೆ ಬರಿಗೈಯಲ್ಲಿ ಹೋಗುವುದುಂಟೇ.

ಹೊಲ ಮುಟ್ಟಿದೆವು. ಸುತ್ತ ನಿಂತಿದ್ದ ಕಾರುಗಳಿಗೆ ಬಣ್ಣ ಬಣ್ಣದ ಪಟ್ಟಿ, ಓಡಿಸುವವರಿಗೆ ಮೈಗಂಟಿದ ಉಡುಪು. ನಾನು ಚೂಡಿದಾರಿನ ವೇಲನ್ನು ಸೊಂಟಕ್ಕೆ ಬಿಗಿದು ಹೆಲ್ಮೆಟ್ ಹಾಕಿಕೊಂಡೆ. ಕಾರಿನೊಳಗೆ ಸಡಿಲವಾದ ಯಾವ ವಸ್ತುವೂ ಇರಬಾರದು ಎಂದು ಪರೀಕ್ಷೆ ಮಾಡುವವರು ಹೇಳಿದರು. ಮೂಟೆ ಇಳಿಸಿ ಬೇವಿನ ಮರದ ಕೆಳಗೆ ಇಟ್ಟೆವು, ಅದರ ಪಕ್ಕದಲ್ಲಿ ಮಾವ ಕುಕ್ಕರಗಾಲಿನಲ್ಲಿ ಕೂತರು. ದಾರಿ ನೋಡಿಕೊಂಡು ಬರಲು ಒಂದು ಸುತ್ತಿಗೆ ಅವಕಾಶವಿತ್ತು. ಕಾರು ಹೇಗಿದೆ ನೋಡುತ್ತೇನೆ ಎಂದು ಲೋಕೇಶ ಹೋದ. ಅರ್ಧ ದಾರಿಯಲ್ಲಿ ನಿಲ್ಲಿಸಿ, ಇಳಿದು, ಬಾನೆಟ್ ಎತ್ತಿ, ಒಳಗೆ ತಲೆ ಹಾಕಿದ. ಮೈಕಿನಲ್ಲಿ ಹೆಸರು ಕೂಗಿದರೂ ತಲೆ ಹೊರಗೆ ಬರಲಿಲ್ಲ. ಒಂದು ಮಿಡತೆ ಫ್ಯಾನಿನ ಹತ್ತಿರ ಸಿಕ್ಕಿಕೊಂಡಿತ್ತಂತೆ. ಅದನ್ನು ಬಿಡಿಸಿ ಹೊಲಕ್ಕೆ ಬಿಟ್ಟು ಬಂದ.

ನಿಜವಾದ ಓಟಕ್ಕೆ ಎರಡು ಅವಕಾಶ, ಎರಡರಲ್ಲಿ ಚೆನ್ನಾಗಿ ಬಂದದ್ದು ಲೆಕ್ಕಕ್ಕೆ. ಮೊದಲನೆಯದಕ್ಕೆ ನಾನು ಹೊರಟೆ. ಕಾರು ಜಿಗಿಯಿತು. ಇದು ನಾನು ದಿನಾ ಸ್ಕೂಲಿಗೆ ಒಯ್ಯುವ ಕಾರು ಅಲ್ಲವೇ ಅಲ್ಲ ಅನ್ನಿಸಿತು. ಹಿಂಭಾಗ ನೆಲದ ಮೇಲೆ ನಿಲ್ಲುತ್ತಿಲ್ಲ, ಸಣ್ಣ ದಿಬ್ಬಕ್ಕೆಲ್ಲ ಕುಣಿಯುತ್ತಿದೆ. ಮೊದಲ ಮೂಲೆಯಲ್ಲಿ ಸ್ಟೀರಿಂಗ್ ತಿರುಗಿಸಿದೆ. ಮುಂಭಾಗ ನನ್ನ ಮಾತು ಕೇಳಿ ತಿರುಗಿತು, ಹಿಂಭಾಗ ಇನ್ನೂ ಹೆಚ್ಚಿಗೆ ಕೇಳಿ ಸುತ್ತಿಕೊಂಡು ಬಂತು. ಗರಗರ ತಿರುಗಿ, ರಾಗಿ ಕೂಳೆಯ ನಡುವೆ ಬಂದ ದಾರಿಗೆ ಮುಖ ಮಾಡಿ ನಿಂತು ಆಫ್ ಆಯಿತು. ಧೂಳು ಇಳಿದಾಗ ಎದುರಿಗೆ ಲೋಕೇಶ ಓಡಿಬರುತ್ತಿರುವುದು ಕಾಣಿಸಿತು.

ಅವನ ಮುಖ ನೋಡಿ ನನಗೆ ಅಳು ಬಂತು. ಗೋಡೌನಿನಲ್ಲಿ ಶಾಮಿಯಾನದ ಕುರ್ಚಿಗಳನ್ನು ಪೇರಿಸಿಟ್ಟದ್ದು ನಮ್ಮಿಬ್ಬರಿಗೂ ಕಣ್ಣಿಗೆ ಕಟ್ಟಿತು. ಅವನು ಕಾರನ್ನು ಮುಂದಿನಿಂದ ನೋಡಿದ, ಹಿಂದಿನಿಂದ ನೋಡಿದ, ಸ್ಪ್ರಿಂಗು ಒತ್ತಿ ನೋಡಿದ. ಏನೂ ತಪ್ಪಿರಲಿಲ್ಲ. ಎಲ್ಲ ಬಿಗಿಯಾಗಿತ್ತು. ನಾವು ತಳ್ಳಿಕೊಂಡು ಬೇವಿನ ಮರದ ಹತ್ತಿರ ಬಂದಾಗ ಮಾವ ಮೂಟೆಗೆ ಒರಗಿದ್ದವರು ಎದ್ದು ನಿಂತರು.

"ಲೋಡಿಲ್ದೆ ಗಾಡಿ ಬುಟ್ರೆ ಕುಣೀದೆ ಇನ್ನೇನ್ಲಾ ಮಾಡ್ತದೆ?" ಎಂದರು.

ಆಗಲೇ ನಮಗೆ ಹೊಳೆದದ್ದು. ಅರಕಲಗೂಡಿನಿಂದ ಬಂದು ಎಂಜಿನ್ ಜೀವ ಪಡೆದ ದಿನದಿಂದ ಅವತ್ತಿನವರೆಗೆ ಈ ಕಾರು ಒಂದು ಸಲವೂ ಖಾಲಿ ಓಡಿರಲಿಲ್ಲ. ಲೋಕೇಶ ಹಾಕಿದ ಸ್ಪ್ರಿಂಗು, ಟಯರಿನ ಗಾಳಿ, ನಾನು ಕಲಿತ ತಿರುವು, ಎಲ್ಲವೂ ಮೂಟೆಗಳ ಲೆಕ್ಕಕ್ಕೆ ಕೂತಿದ್ದವು. ಕಾರಿನ ಭಾರ ಇಳಿಸಲು ತೆಗೆದ ಪ್ರತಿಯೊಂದು ಸಾಮಾನಿನ ಜಾಗಕ್ಕೂ ನಾವು ತೆಂಗಿನಕಾಯಿ ತುಂಬಿಕೊಂಡು ಬಂದಿದ್ದೆವು. ಎರಡು ರೈಲುಗಳ ಲೆಕ್ಕ ಬಿಡಿಸುವವಳಿಗೆ ಇದು ಹೊಳೆದಿರಲಿಲ್ಲ.

ಮಾವನಿಗೆ ನಾವು ಸೋತರೆ ಲಾಭ. ಆದರೆ ಸರಿಯಾಗಿ ಲೋಡಾಗದ ಗಾಡಿ ಕಣ್ಣೆದುರು ಇದ್ದರೆ ಅವರಿಂದ ಸಹಿಸಲಾಗುವುದಿಲ್ಲ. ಪಂಚೆ ಮೇಲಕ್ಕೆ ಕಟ್ಟಿ, ಮೂಟೆಗಳನ್ನು ಒಳಗೆ ಹಾಕಿಸಿ, ಎರಡು ಅಡ್ಡ ಎರಡು ಉದ್ದ ಕೂರಿಸಿ, ಹಿಂದಿನ ಸೀಟಿದ್ದ ಕೊಂಡಿಗಳಿಗೆ ತೆಂಗಿನ ನಾರಿನ ಹಗ್ಗ ಬಿಗಿದರು. ಕಾಲು ಕೊಟ್ಟು ಎಳೆದು ಗಂಟು ಹಾಕಿದರು. ಪರೀಕ್ಷೆಯವರು ಬಂದು ತಬ್ಬಿಬ್ಬಾದರು. ಮೂಟೆ ಅಲ್ಲಾಡಿಸಿ ನೋಡಿದರು, ಕಾರು ಅಲ್ಲಾಡಿತು, ಮೂಟೆ ಅಲ್ಲಾಡಲಿಲ್ಲ. ತಮ್ಮ ನಿಯಮದಲ್ಲಿ ತೆಂಗಿನಕಾಯಿಯ ವಿಷಯ ಎಲ್ಲೂ ಬಂದಿಲ್ಲ ಎಂದು ಅವರವರೇ ಮಾತಾಡಿಕೊಂಡು ಒಪ್ಪಿದರು. ಅಷ್ಟರಲ್ಲಿ ಮಾವ ಮುಂದಿನ ಸೀಟಿನಲ್ಲಿ ಕೂತಾಗಿತ್ತು. ಇಳಿಯಿರಿ ಮಾವ ಎಂದು ನಾನೂ ಹೇಳಿದೆ, ಲೋಕೇಶನೂ ಹೇಳಿದ.

"ನಮ್ ಕಾಯಿ ಓಗೋ ಕಡೆ ನಮ್ಮೋರೊಬ್ರು ಇರ್ಬೇಕು ಕಣವ್ವ," ಎಂದರು. "ಲೋಡ್ ಜೊತೆ ಆಳಿಲ್ದೆ ನಾನ್ಯಾವತ್ತೂ ಗಾಡಿ ಕಳ್ಸಿಲ್ಲ."

ಪಕ್ಕದಲ್ಲಿ ಒಬ್ಬರು ಕೂರಲು ನಿಯಮ ಬಿಡುತ್ತಿತ್ತು, ಬೆಲ್ಟೂ ಹೆಲ್ಮೆಟ್ಟೂ ಇರಬೇಕು ಅಷ್ಟೇ. ಮಾವ ಟವೆಲನ್ನು ತಲೆಗೆ ಸುತ್ತಿ ಅದರ ಮೇಲೆ ಹೆಲ್ಮೆಟ್ ಕೂರಿಸಲು ನೋಡಿದರು. ಕೂರಲಿಲ್ಲ. ಟವೆಲ್ ಮಡಿಚಿ ತೊಡೆಯ ಮೇಲಿಟ್ಟುಕೊಂಡರು. ಲೋಕೇಶ ಬೆಲ್ಟ್ ಎಳೆದು ಹಾಕಿದ. ಅವರು ಅದನ್ನು ಹಗ್ಗ ಪರೀಕ್ಷಿಸುವ ಹಾಗೆ ಎರಡು ಸಲ ಎಳೆದು ನೋಡಿ, ಗಂಟು ಪರವಾಗಿಲ್ಲ ಎಂದರು.

ಹೊರಟೆವು. ಏನು ಹೇಳಲಿ ನಿಮಗೆ. ಅದು ನನ್ನ ಕಾರೇ ಆಗಿತ್ತು. ಹಿಂಭಾಗ ನೆಲವನ್ನು ಹಿಡಿದು ಕೂತಿತ್ತು. ಮೊದಲ ಮೂಲೆ ತಿರುಗಿಸಿದೆ, ತಿರುಗಿತು. ಎರಡನೆಯದಕ್ಕೆ ಬ್ರೇಕು ಬೇಕಾಗಲಿಲ್ಲ. ಎಂಜಿನ್ನಿನ ಶ್ರುತಿ ಏರುತ್ತಾ ಏರುತ್ತಾ ಹೋಗಿ, ರುದ್ರಪಟ್ಟಣದ ಗಿರಣಿ ತನ್ನ ಜೀವಮಾನದಲ್ಲಿ ಮುಟ್ಟದ ಕಡೆ ನಿಂತಿತು. ಕಿಟಕಿಯ ಸಂದಿಯಿಂದ ಗಾಳಿ ಮುಖಕ್ಕೆ ಹೊಡೆಯಿತು, ಬಾಯಿಂದ ಸದ್ದು ಮಾಡಿಕೊಳ್ಳಬೇಕಾಗಿರಲಿಲ್ಲ. ನನಗೆ ಬಹಳ ಸಂತೋಷವಾಯಿತು. ನಿಧಾನ ಅನ್ನುತ್ತಾರೇನೋ ಎಂದು ಪಕ್ಕಕ್ಕೆ ಕಣ್ಣು ಹಾಯಿಸಿದರೆ ಮಾವ ತಿರುವು ಬಂದ ಕಡೆಗೆಲ್ಲ ಮೈ ವಾಲಿಸುತ್ತಾ, ಒಂದು ಕೈಯನ್ನು ಹಿಂದಕ್ಕೆ ಚಾಚಿ ಮೂಟೆ ಹಿಡಿದುಕೊಂಡಿದ್ದರು. ಬೇವಿನ ಮರದ ಹತ್ತಿರ ಜನ ಕೂಗುತ್ತಿದ್ದದ್ದು ಕೇಳಿಸಿತು. ಇನ್ನು ಒಂದೇ ಮೂಲೆ, ಅದಾದ ಮೇಲೆ ನೇರ ಗೆರೆ. ಕಪ್ಪು ನಮ್ಮದೇ ಎಂದು ನನಗೆ ಗೊತ್ತಾಗಿಹೋಯಿತು.

ಕಡೆಯ ಮೂಲೆಯಲ್ಲಿ ಟೋಪಿ ಹಾಕಿಕೊಂಡ ಒಬ್ಬರು ನಿಂತಿದ್ದರು. ಕಾರು ಬರುತ್ತಿದೆ ಎಂದು ಗೆರೆಯ ಹತ್ತಿರ ಗಡಿಯಾರ ಹಿಡಿದು ಕೂತವರಿಗೆ ತಿಳಿಸುವುದು ಅವರ ಕೆಲಸ. ನಮ್ಮನ್ನು ನೋಡಿ ಅವರು ಕೈ ಎತ್ತಿದರು.

ನನ್ನ ಬಲಗಾಲು ನನ್ನನ್ನು ಕೇಳಲಿಲ್ಲ. ಕಾರು ಧೂಳೆಬ್ಬಿಸಿಕೊಂಡು ಹೋಗಿ, ಬಾಗಿಲ ಹಿಡಿ ಸರಿಯಾಗಿ ಆ ಮನುಷ್ಯನ ಕೈಗೆ ಸಿಗುವ ಹಾಗೆ ನಿಂತಿತು. ಏನಾಯಿತೆಂದು ನನಗೆ ತಿಳಿಯುವ ಮೊದಲೇ ಮಾವ ಗಾಜು ಇಳಿಸಿ, ಹೆಲ್ಮೆಟ್ಟಿನೊಳಗಿಂದ ಮಾತಾಡಿಸಿದ್ದರು.

"ಎಲ್ಲಿಗೋಗ್ಬೇಕಪ್ಪಾ? ಇಂದೆ ಕಾಯಿ ಅದೆ, ವಸಿ ಅಡ್ಜೆಸ್ಟ್ ಮಾಡ್ಕಂಡ್ ಕೂತ್ಕೊ."

ಆ ಮನುಷ್ಯ ಎತ್ತಿದ ಕೈಯನ್ನು ಇಳಿಸುವುದನ್ನೂ ಮರೆತಿದ್ದ. "ನಾನೆಲ್ಲಿಗೂ ಇಲ್ಲ ಸಾ," ಎಂದ, ಬಹಳ ವಿನಯದಿಂದ. "ನೀವ್ ಓಗಿ."

ಹೋದೆವು. ಆ ಮೇಲೆ ಹೋದದ್ದಕ್ಕೆ ಅರ್ಥವಿರಲಿಲ್ಲ. ಕಪ್ಪನ್ನು ಹಾಸನದ ಯಾರೋ ತೆಗೆದುಕೊಂಡರು. ನಾವು ನಿಲ್ಲದಿದ್ದರೆ ಏನಾಗುತ್ತಿತ್ತು ಎಂದು ಗಣಿತದವಳಾದ ನಾನು ಲೆಕ್ಕ ಹಾಕಿದ್ದೇನೆ, ಉತ್ತರವನ್ನು ಇವತ್ತಿಗೂ ಯಾರಿಗೂ ಹೇಳಿಲ್ಲ. ಲೋಕೇಶ ಬೈಯಲಿಲ್ಲ. ಬಾನೆಟ್ಟಿನ ಧೂಳು ಒರೆಸುತ್ತಾ, ಓಗ್ಲಿ ಬುಡಿ ಅತ್ಗೆ ಎಂದ. ಅವನು ಬೈದಿದ್ದರೆ ಒಳ್ಳೆಯದಿತ್ತು.

ಜಿನನಾಥಪುರದಲ್ಲಿ ಮಾವನ ತಂಗಿ ಎಳೆನೀರು ಕೊಟ್ಟು, ಊಟಕ್ಕೆ ಬಡಿಸಿ, ನಮ್ಮ ನಾಲ್ಕು ಮೂಟೆ ಇಳಿಸಿಕೊಂಡು ತಮ್ಮ ನಾಲ್ಕು ಮೂಟೆ ತುಂಬಿಸಿದರು. ಮಾವ, ತಂಗಿ ಹೇಳಿದ್ದಕ್ಕೆಲ್ಲ ಹೂಂ ಎಂದರು. ಹೊರಡುವಾಗ ಕಾರಿನಲ್ಲಿ ಕೂತು, ಯಾರೂ ಹೇಳದೆ ತಾವೇ ಬೆಲ್ಟ್ ಹಾಕಿಕೊಂಡರು. ಚನ್ನರಾಯಪಟ್ಟಣ ದಾಟಿ ಊರ ದಾರಿ ಹಿಡಿದ ಮೇಲೆ ಅವರ ಮೊಬೈಲು ಹೊಡೆದುಕೊಂಡಿತು. ಶಾಮಿಯಾನದವನು. ಸುದ್ದಿ ಆಗಲೇ ಅವನಿಗೆ ಮುಟ್ಟಿತ್ತು ಎಂದು ಕಾಣುತ್ತದೆ, ಸಾಮಾನು ಯಾವಾಗ ತಂದು ಇಳಿಸಲಿ ಎಂದು ಕೇಳುವುದು ನನಗೂ ಕೇಳಿಸಿತು. ಹಿಂದೆ ಮೂಟೆಯ ಮೇಲೆ ಲೋಕೇಶ ಮುಂದಕ್ಕೆ ಬಾಗಿದ.

"ಗೋಡೌನ್ ಕೊಡಾಕಾಗಕಿಲ್ಲ ಕಣಪ್ಪ," ಎಂದರು ಮಾವ. "ನಮ್ ಉಡ್ಗ ಗ್ಯಾರೇಜ್ ಆಕ್ತಾನೆ."

ಕಪ್ಪು ಬಂತೇ ಎಂದು ಆ ಕಡೆಯವನು ಕೇಳಿರಬೇಕು.

"ಇಲ್ಲ. ಗಾಡಿ ಓಡ್ತು. ನಿಲ್ಸಿದ್ದು ನಾವು."

ಫೋನ್ ಜೇಬಿಗೆ ಹೋಯಿತು. ಮಾವ ಕಿಟಕಿಯಾಚೆ ನೋಡುತ್ತಾ ಕೂತರು. ಸ್ವಲ್ಪ ದೂರ ಹೋದ ಮೇಲೆ ಹಿಂದಿನಿಂದ ಲೋಕೇಶ, ಅತ್ಗೆ ವಸಿ ನಿಲ್ಸಿ, ಏನೋ ಸದ್ದು ಬತ್ತಾ ಅದೆ ಎಂದ. ನನ್ನ ರುದ್ರಪಟ್ಟಣದ ಕಿವಿಗೆ ಯಾವ ಸದ್ದೂ ಬಂದಿರಲಿಲ್ಲ. ಆದರೂ ನಿಲ್ಲಿಸಿದೆ. ಅವನು ಇಳಿದು ಕಾರಿನ ಹಿಂದಕ್ಕೆ ಹೋಗಿ ಚಕ್ರದ ಹತ್ತಿರ ಕೂತ. ಕನ್ನಡಿಯಲ್ಲಿ ಅವನ ಬೆನ್ನು ಮಾತ್ರ ಕಾಣುತ್ತಿತ್ತು, ತೋಳಿನಿಂದ ಮುಖ ಒರೆಸಿಕೊಳ್ಳುತ್ತಿದ್ದ. ನಾನು ಇಳಿಯಹೋದೆ. ಮಾವ ನನ್ನ ಕಡೆ ತಿರುಗದೆಯೇ, ನೋಡ್ಕಳ್ಲಿ ಬುಡವ್ವ, ಅವನ್ಗೆ ಗೊತ್ತದೆ ಎಂದರು. ಎಂಜಿನ್ ಆಫ್ ಮಾಡದೆ ಕಾದೆವು.

ಗ್ಯಾರೇಜ್ ಈಗ ನಡೆಯುತ್ತಿದೆ. ಊರವರು ಗಾಡಿ ತಂದು ಬಿಡುತ್ತಾರೆ, ಲೋಕೇಶ ಸದ್ದು ಕೇಳುತ್ತಾ ಕೂರುತ್ತಾನೆ, ಈಗ ಅದಕ್ಕೆ ಅವನಿಗೆ ಜನ ಮರ್ಯಾದೆ ಕೊಡುತ್ತಾರೆ. ಕಾರು ಇನ್ನೂ ನನ್ನ ಹತ್ತಿರವೇ ಇದೆ, ಮೂಟೆಗಳ ಸಮೇತ. ಪಂದ್ಯದಿಂದ ಬಂದ ವಾರದಲ್ಲೇ ಮಾವ ಮಗನಿಗೆ ಹೇಳಿ ಜಗಲಿಯ ಕಂಬಕ್ಕೆ ಬೆಲ್ಟ್ ಬಿಗಿಸಿಕೊಂಡರು. ಅದಿಲ್ಲದಿದ್ದರೆ ಕೂತರೂ ಕೂತ ಹಾಗೆ ಅನ್ನಿಸುವುದಿಲ್ಲವಂತೆ. ಸಂಜೆ ಹೊತ್ತು ಬೀದಿಯಲ್ಲಿ ಹೋಗುವ ಪರಿಚಯದವರು ಅವರನ್ನು ಕಂಡು ಕೈ ಎತ್ತಿ ನಮಸ್ಕಾರ ಹೇಳುತ್ತಾರೆ. ಎಲ್ಲಿಗಪ್ಪಾ ಎಂದು ಕೇಳುತ್ತಾ ಮಾವ ಬೆಲ್ಟ್ ಹಿಗ್ಗುವಷ್ಟು ಪಕ್ಕಕ್ಕೆ ಸರಿದು, ಸೀಟಿನಲ್ಲಿ ಅವರಿಗೆ ಜಾಗ ಮಾಡಿಕೊಡುತ್ತಾರೆ.